ಎಳೆ ಬಿಡುವ ಹದ: ಸ್ಲೋ ಕುಕ್ಕರಿನ ಪುಲ್ಡ್ ಪೋರ್ಕ್ ಕುರಿತು ಓದುಗರ ಪ್ರಶ್ನೆಗಳು

ಹಂದಿಮಾಂಸದ ದೊಡ್ಡ ತುಂಡೊಂದನ್ನು ಸಣ್ಣ ಶಾಖದಲ್ಲಿ ಗಂಟೆಗಟ್ಟಲೆ ಬೇಯಿಸಿ, ಎಳೆ ಎಳೆಯಾಗಿ ಬಿಡಿಸಿ, ಅದರದೇ ರಸ ಮತ್ತು ಸಾಸ್‌ನೊಂದಿಗೆ ಕಲಸಿ ಬಡಿಸುವ ಪುಲ್ಡ್ ಪೋರ್ಕ್ ಕುರಿತು ಈ ಅಂಕಣಕ್ಕೆ ಬಂದಿರುವ ಪತ್ರಗಳಲ್ಲಿ ಹೆಚ್ಚಿನವು ಅಡುಗೆ ಕೈಕೊಟ್ಟವರ ಪತ್ರಗಳು. ಪಿಂಗಾಣಿ ಪಾತ್ರೆಯನ್ನು ವಿದ್ಯುತ್ತಿನಿಂದ ನಿಧಾನವಾಗಿ ಬಿಸಿಮಾಡುವ ಸ್ಲೋ ಕುಕ್ಕರಿನಲ್ಲಿ ಹಾಕಿಟ್ಟರೆ ಅದರ ಪಾಡಿಗೆ ಅದು ಆಗುತ್ತದೆ ಎಂಬ ಭರವಸೆಯಿಂದ ಹೊರಟವರಿಗೆ ಮಾಂಸ ಗಟ್ಟಿಯಾಗಿದೆ, ಒಣಗಿದೆ, ಇಲ್ಲವೇ ನೀರುನೀರಾಗಿದೆ. ತಪ್ಪು ಎಲ್ಲಾಗುತ್ತದೆ ಎಂದು ತಿಳಿದರೆ ಸರಿಪಡಿಸುವುದು ಕಷ್ಟವಲ್ಲವಾದ್ದರಿಂದ ಈ ಸಲದ ಅಂಕಣವನ್ನು ಪೂರ್ತಿಯಾಗಿ ಇದೊಂದೇ ವಿಷಯಕ್ಕೆ ಮೀಸಲಿಟ್ಟಿದ್ದೇನೆ. ಒಂದೇ ಬಗೆಯ ಪತ್ರಗಳನ್ನು ಸೇರಿಸಿ, ಪ್ರಶ್ನೆಗಳನ್ನು ಸಂಕ್ಷೇಪಿಸಿದ್ದೇನೆ.

ಪ್ರಶ್ನೆ: ಪಾಕವಿಧಾನದಲ್ಲಿ ಕುಕ್ಕರನ್ನು ‘ಲೋ’ನಲ್ಲಿ, ಅಂದರೆ ಕಡಿಮೆ ಶಾಖದಲ್ಲಿಟ್ಟು 8 ಗಂಟೆ ಬೇಯಿಸಬೇಕೆಂದು ಇತ್ತು. 2 ಕಿಲೋ ತೂಕದ ಭುಜದ ಮಾಂಸವನ್ನು ಇಡಿಯಾಗಿ ಹಾಕಿ, ಸರಿಯಾಗಿ 8 ಗಂಟೆಗೆ ತೆಗೆದೆ. ಒಳಗೆಲ್ಲೂ ಹಸಿಯಿರಲಿಲ್ಲ, ಆದರೆ ಫೋರ್ಕಿನಿಂದ ಎಳೆದರೆ ಬಿಡಲೇ ಇಲ್ಲ, ಕೊನೆಗೆ ಚಾಕುವಿನಿಂದ ಕತ್ತರಿಸಿ ಬಡಿಸಬೇಕಾಯಿತು. ಹೆಚ್ಚು ಬೇಯಿಸಿದ್ದರಿಂದ ಗಟ್ಟಿಯಾಯಿತೇ? ಮುಂದಿನ ಸಲ 6 ಗಂಟೆಗೇ ತೆಗೆಯಲೇ?

ಉತ್ತರ: ದಯವಿಟ್ಟು ಹಾಗೆ ಮಾಡಬೇಡಿ. ನಿಮ್ಮ ಮಾಂಸ ಹೆಚ್ಚು ಬೆಂದು ಗಟ್ಟಿಯಾದದ್ದಲ್ಲ, ಇನ್ನೂ ಬೇಯಬೇಕಾಗಿದ್ದಾಗಲೇ ಹೊರಗೆ ಬಂದದ್ದು. ಬೇಯುವುದು ಬೇರೆ, ಎಳೆ ಬಿಡುವ ಹದಕ್ಕೆ ಬರುವುದು ಬೇರೆ. ಈ ವ್ಯತ್ಯಾಸವೊಂದು ಮನಸ್ಸಿನಲ್ಲಿ ನಿಂತರೆ ಪುಲ್ಡ್ ಪೋರ್ಕಿನ ಅರ್ಧ ತೊಂದರೆಗಳು ತಾವಾಗಿಯೇ ತೀರುತ್ತವೆ.

ಹಂದಿಮಾಂಸದ ಇಡೀ ತುಂಡು ತಿನ್ನಲು ಸುರಕ್ಷಿತವಾಗುವುದಕ್ಕೆ ಅದರ ನಡುಭಾಗದ ಶಾಖ 63 ಡಿಗ್ರಿ ಸೆಲ್ಸಿಯಸ್ ಮುಟ್ಟಿ, ಬಳಿಕ 3 ನಿಮಿಷ ಹಾಗೆಯೇ ಇದ್ದರೆ ಸಾಕೆಂದು ಅಮೆರಿಕದ ಕೃಷಿ ಇಲಾಖೆ 2011ರಿಂದ ಹೇಳುತ್ತಾ ಬಂದಿದೆ. ಆ ಅಳತೆಯಲ್ಲಿ ನಿಮ್ಮ ಮಾಂಸ ಎಷ್ಟೋ ಹೊತ್ತಿಗೆ ಮುಂಚೆಯೇ ಬೆಂದಿತ್ತು. ಆದರೆ ಭುಜವೆಂದರೆ ಪ್ರಾಣಿಯ ಭಾರ ಹೊತ್ತು ದಿನವಿಡೀ ದುಡಿದ ಭಾಗ. ಅದರ ಸ್ನಾಯುವಿನ ಎಳೆಗಳನ್ನು ಒಂದಕ್ಕೊಂದು ಬಿಗಿದು ಹಿಡಿದಿರುವುದು ಕೊಲಾಜೆನ್ ಎಂಬ ಗಟ್ಟಿಯಾದ ಪದಾರ್ಥ. ಅದು ಸುಮಾರು 70 ಡಿಗ್ರಿಯ ಆಚೆಗೆ, ತೇವವಿರುವ ಕಡೆ, ನಿಧಾನವಾಗಿ ಕರಗಿ ಜೆಲಾಟಿನ್ ಆಗುತ್ತದೆ. ಶಾಖ ಹೆಚ್ಚಿದಂತೆ ಕರಗುವ ವೇಗವೂ ಹೆಚ್ಚುತ್ತದೆ. ಮಾಂಸದ ನಡುಭಾಗ 90ರಿಂದ 96 ಡಿಗ್ರಿಯ ನಡುವೆ ಬರುವ ಹೊತ್ತಿಗೆ ಬಿಗಿದ ಕಟ್ಟು ಸಡಿಲಿ, ಎಳೆಗಳು ಬೇರೆಯಾಗಲು ಸಿದ್ಧವಾಗುತ್ತವೆ. ತುಟಿಗೆ ಅಂಟುವಂತಹ ನಯ ಪುಲ್ಡ್ ಪೋರ್ಕಿಗೆ ಬರುವುದು ಈ ಜೆಲಾಟಿನ್‌ನಿಂದಲೇ.

ಕಷ್ಟವಿರುವುದು ಇವೆರಡರ ನಡುವಿನ ಹಾದಿಯಲ್ಲಿ. 65ರಿಂದ 80 ಡಿಗ್ರಿಯವರೆಗೆ ಸ್ನಾಯುವಿನ ಎಳೆಗಳು ಕುಗ್ಗಿ ತಮ್ಮೊಳಗಿನ ನೀರನ್ನು ಹಿಂಡಿ ಹೊರಹಾಕಿರುತ್ತವೆ, ಆದರೆ ಕೊಲಾಜೆನ್ ಇನ್ನೂ ಸಾಕಷ್ಟು ಕರಗಿರುವುದಿಲ್ಲ. ನೀರೂ ಹೋಗಿ, ನಯವೂ ಬಾರದ ಈ ಹಂತದಲ್ಲಿ ಯಾರೇ ರುಚಿ ನೋಡಿದರೂ ಮಾಂಸ ಕೆಟ್ಟಿತೆಂದೇ ತೀರ್ಮಾನಿಸುತ್ತಾರೆ, ಇನ್ನೂ ಬೇಯಿಸಿದರೆ ಮತ್ತಷ್ಟು ಗಟ್ಟಿಯಾದೀತೆಂದು ಹೆದರಿ ಉರಿ ಆರಿಸುತ್ತಾರೆ. ನೀವು ಮಾಡಿದ್ದೂ ಅದನ್ನೇ. ಆಗ ಮಾಡಬೇಕಾಗಿದ್ದದ್ದು ಮುಚ್ಚಳವನ್ನು ಮತ್ತೆ ಹಾಕಿ ಇನ್ನೊಂದು ಅಥವಾ ಎರಡು ಗಂಟೆ ಬಿಡುವುದು ಮಾತ್ರ.

ಗಂಟೆಗಳ ಲೆಕ್ಕವನ್ನು ನಾನು ಸೂಚನೆಯೆಂದು ಮಾತ್ರ ನೋಡುತ್ತೇನೆ. ತುಂಡಿನ ದಪ್ಪ, ಫ್ರಿಜ್‌ನಿಂದ ತೆಗೆದಾಗ ಅದಕ್ಕಿದ್ದ ತಂಪು, ಪಾತ್ರೆ ಎಷ್ಟು ತುಂಬಿದೆ ಎಂಬುದು, ಒಂದೊಂದು ಕುಕ್ಕರಿನ ಶಾಖ, ಇವೆಲ್ಲ ಸೇರಿ ಎರಡು ಗಂಟೆಯಷ್ಟು ಹಿಂದೆಮುಂದೆ ಮಾಡಬಲ್ಲವು. 2 ಕಿಲೋದ ಇಡೀ ತುಂಡಿಗೆ ‘ಲೋ’ನಲ್ಲಿ 9ರಿಂದ 11 ಗಂಟೆ ಬೇಕಾಗುವುದು ಸಾಮಾನ್ಯ, ಅದನ್ನೇ ಎರಡು ಮೂರು ದೊಡ್ಡ ತುಂಡುಗಳಾಗಿ ಮಾಡಿದರೆ 8 ಗಂಟೆಯ ಆಸುಪಾಸಿನಲ್ಲಿ ಹದಕ್ಕೆ ಬರುತ್ತದೆ. ಕೊನೆಯ ಮಾತು ಮಾತ್ರ ಮಾಂಸದ್ದೇ ಆಗಿರಬೇಕು. ಮೂಳೆಗೆ ತಗುಲದಂತೆ ನಟ್ಟನಡುವೆ ಚುಚ್ಚಿದ ಅಡುಗೆ ಥರ್ಮಾಮೀಟರ್ 93 ಡಿಗ್ರಿಯ ಹತ್ತಿರ ತೋರಿಸಿದರೆ ಸರಿ. ಥರ್ಮಾಮೀಟರ್ ಇಲ್ಲದವರು ಅತ್ಯಂತ ದಪ್ಪಗಿರುವ ಜಾಗದಲ್ಲಿ ಫೋರ್ಕ್ ಚುಚ್ಚಿ ತಿರುಗಿಸಿ ನೋಡಬೇಕು. ಕೈಗೆ ಬಲವೇ ಬೇಡದಂತೆ ಅದು ತಿರುಗಿ, ಸುತ್ತಲಿನ ಮಾಂಸ ಬಿಡಿಸಿಕೊಂಡರೆ ಹದ ಬಂತೆಂದೇ ಅರ್ಥ. ಮೂಳೆ ಸಹಿತ ತುಂಡಾಗಿದ್ದರೆ ಇನ್ನೂ ಸುಲಭ: ಹದ ಬಂದಾಗ ಚಪ್ಪಟೆಯಾದ ಭುಜದ ಮೂಳೆ ಎಳೆದೊಡನೆ ಮಾಂಸವಂಟದೆ ಈಚೆಗೆ ಬರುತ್ತದೆ.

ಅತಿಯಾಗಿ ಬೇಯಿಸಿ ಕೆಡಿಸಲಾಗದೆಂದು ಮಾತ್ರ ತಿಳಿಯಬಾರದು. ಹದ ಬಂದ ಮೇಲೂ ಮೂರು ನಾಲ್ಕು ಗಂಟೆ ಹಾಗೆಯೇ ಬಿಟ್ಟರೆ ಎಳೆಗಳೂ ಪುಡಿಯಾಗಿ, ಬಾಯಲ್ಲಿ ಹಿಟ್ಟಿನಂತಾಗುತ್ತದೆ. ಅದು ಬೇರೆ ಬಗೆಯ ಕೇಡು; ನಿಮ್ಮ ಪತ್ರದಲ್ಲಿ ಅದರ ಲಕ್ಷಣವೇನೂ ಇಲ್ಲ.

ಪ್ರಶ್ನೆ: ಮನೆಯಲ್ಲಿ ಕೊಬ್ಬು ಯಾರಿಗೂ ಸೇರದು. ಆದ್ದರಿಂದ ಬೆನ್ನಿನ ಭಾಗದ ಕೊಬ್ಬಿಲ್ಲದ ಮಾಂಸ ತಂದು ಮಾಡಿದೆ. ಎಳೆಗಳೇನೋ ಬಿಟ್ಟವು, ಆದರೆ ಮರದ ಪುಡಿ ಅಗಿದಂತಿತ್ತು. ಕುಕ್ಕರಿನ ತುಂಬ ರಸವಿದ್ದೂ ಮಾಂಸ ಒಣಗುವುದು ಹೇಗೆ?

ಉತ್ತರ: ಬಹಳ ವರ್ಷಗಳ ಹಿಂದೆ ಇದೇ ಎಣಿಕೆಯಿಂದ ಇದೇ ಬೆನ್ನಿನ ಮಾಂಸ ತಂದು, ಒಣಗಿದ್ದನ್ನು ಸರಿಮಾಡಲು ಇನ್ನಷ್ಟು ಸಾಸ್ ಸುರಿದು, ಆಗಲೂ ಸರಿಹೋಗದೆ ನಾನು ಬೇಸರಪಟ್ಟದ್ದುಂಟು, ಹಾಗಾಗಿ ನಿಮ್ಮ ಪ್ರಶ್ನೆ ನನಗೆ ಚೆನ್ನಾಗಿ ಅರ್ಥವಾಗುತ್ತದೆ. ಮಾಂಸವನ್ನು ಸುತ್ತಲಿನ ರಸ ಒಣಗದಂತೆ ಕಾಯುವುದಿಲ್ಲ. ರಸದಲ್ಲಿ ಮುಳುಗಿದ್ದರೂ ಶಾಖವೇರಿದಾಗ ಸ್ನಾಯುವಿನ ಎಳೆ ತನ್ನ ನೀರನ್ನು ಹಿಂಡಿ ಹಾಕಿಯೇ ಹಾಕುತ್ತದೆ. ಹೊರಗೆ ಹೋದ ನೀರು ಮತ್ತೆ ಒಳಗೆ ಬರುವುದು ಅತ್ಯಲ್ಪ. ಭುಜದ ಮಾಂಸವೂ ಈ ನೀರನ್ನು ಕಳೆದುಕೊಳ್ಳುತ್ತದೆ, ಆದರೆ ಕಳೆದುಕೊಂಡದ್ದರ ಜಾಗದಲ್ಲಿ ಕರಗಿದ ಕೊಲಾಜೆನ್ ಮತ್ತು ಎಳೆಗಳ ನಡುವೆ ಹರಡಿರುವ ಕೊಬ್ಬು ನಯವನ್ನು ತುಂಬಿಕೊಡುತ್ತವೆ. ಬೆನ್ನಿನ ಭಾಗದಲ್ಲಿ ಈ ಎರಡೂ ಕಡಿಮೆ. ಅದು ಬೇಗ ಬೇಯಿಸಿ, 63 ಡಿಗ್ರಿಯ ಹತ್ತಿರವೇ ತೆಗೆದು, ಹೋಳು ಮಾಡಿ ತಿನ್ನಬೇಕಾದ ಮಾಂಸ. ಎಳೆ ಬಿಡಿಸುವುದಕ್ಕೆ ಹುಟ್ಟಿದ್ದಲ್ಲ.

ಮಾಂಸ ಕೊಳ್ಳುವಾಗ ಭುಜದ ಮೇಲ್ಭಾಗವನ್ನು ಕೇಳಿ. ಅಮೆರಿಕದ ಕಸಾಯಿಗಳು ಅದನ್ನು ‘ಬೋಸ್ಟನ್ ಬಟ್’ ಎನ್ನುತ್ತಾರೆ. ಆ ಹೆಸರು ಕೇಳಿ ಹಿಂಗಾಲಿನ ಭಾಗವೆಂದು ಭಾವಿಸುವವರಿದ್ದಾರೆ, ಆದರೆ ಅದು ಭುಜವೇ. ಅದರ ಕೆಳಗೆ, ಮುಂಗಾಲಿನ ಕಡೆಗಿರುವ ‘ಪಿಕ್‌ನಿಕ್’ ಎಂಬ ಭಾಗವೂ ಆಗುತ್ತದೆ. ಅದರಲ್ಲಿ ಚರ್ಮ, ಮೂಳೆ, ನರ ಹೆಚ್ಚು, ಬಿಡಿಸುವ ಕೆಲಸವೂ ಹೆಚ್ಚು. ಕೊಬ್ಬು ಬೇಡವೆಂಬ ನಿಮ್ಮ ಮನೆಯವರ ಮಾತಿಗೂ ಇಲ್ಲಿ ದಾರಿಯಿದೆ. ಮೇಲಿನ ಕೊಬ್ಬಿನ ಪದರವನ್ನು ಅರ್ಧ ಸೆಂಟಿಮೀಟರಿನಷ್ಟು ಉಳಿಸಿ ಮಿಕ್ಕದ್ದನ್ನು ಹಸಿಯಿರುವಾಗಲೇ ಕತ್ತರಿಸಿ ತೆಗೆಯಿರಿ. ಬೆಂದ ಮೇಲೆ ಬಿಡಿಸುವಾಗ ಕರಗದೆ ಉಳಿದ ಕೊಬ್ಬಿನ ಗೆಣ್ಣುಗಳನ್ನು ಆಯ್ದು ಹಾಕಿ. ರಸದ ಮೇಲೆ ತೇಲುವ ಕೊಬ್ಬನ್ನು ಕೆನೆ ತೆಗೆದಂತೆ ತೆಗೆಯಿರಿ. ಇಷ್ಟಾದರೆ ತಟ್ಟೆಗೆ ಬರುವ ಕೊಬ್ಬು ನೀವು ಅಂದುಕೊಂಡದ್ದಕ್ಕಿಂತ ಬಹಳ ಕಡಿಮೆ, ಮಾಂಸವಾದರೋ ಮೆತ್ತಗಿರುತ್ತದೆ.

ಪ್ರಶ್ನೆ: ಮಾಂಸ ಮುಳುಗುವಷ್ಟು ನೀರು ಹಾಕಬೇಕೋ, ಸಾಸ್ ಹಾಕಬೇಕೋ? ಒಂದು ಬಾಟಲಿ ಬಾರ್ಬೆಕ್ಯೂ ಸಾಸ್ ಸುರಿದು ಬೇಯಿಸಿದ್ದಕ್ಕೆ ಕೊನೆಯಲ್ಲಿ ತೆಳ್ಳಗಿನ ಸಿಹಿ ಸಾರಿನಂತೆ ಆಯಿತು.

ಉತ್ತರ: ಎರಡೂ ಬೇಡ. ಹಸಿ ಮಾಂಸದ ತೂಕದಲ್ಲಿ ಅರ್ಧಕ್ಕಿಂತ ಹೆಚ್ಚು ನೀರೇ ಇರುತ್ತದೆ. ಒಲೆಯ ಮೇಲಿನ ತೆರೆದ ಪಾತ್ರೆಯಲ್ಲಿ ಹೊರಬಂದ ನೀರು ಆವಿಯಾಗಿ ಹೋಗುತ್ತದೆ. ಸ್ಲೋ ಕುಕ್ಕರಿನಲ್ಲಿ ಅದೇ ಆವಿ ಮುಚ್ಚಳಕ್ಕೆ ತಾಕಿ ಹನಿಯಾಗಿ ಮತ್ತೆ ಪಾತ್ರೆಗೇ ಬೀಳುತ್ತದೆ. 2 ಕಿಲೋ ಭುಜದ ಮಾಂಸ ತಾನಾಗಿಯೇ ಒಂದೆರಡು ಕಪ್ ರಸ ಬಿಡುವುದರಿಂದ ನೀವು ಸುರಿದ ಸಾಸ್ ಅಷ್ಟು ನೀರಿನಲ್ಲಿ ಕದಡಿ ತೆಳ್ಳಗಾಯಿತು. ಅದರೊಳಗಿನ ವಿನೆಗರಿನ ಘಮ ಗಂಟೆಗಟ್ಟಲೆ ಕಾದು ಮಂಕಾಯಿತು, ಸಕ್ಕರೆಯಂತೂ ಉಳಿದೇ ಉಳಿಯಿತು. ನಿಮಗೆ ಬರೀ ಸಿಹಿ ಕಂಡದ್ದು ಈ ಕಾರಣಕ್ಕೆ.

ನಾನು ಅನುಸರಿಸುವ ಕ್ರಮ ಹೀಗಿದೆ. ಎರಡು ಈರುಳ್ಳಿಯನ್ನು ದಪ್ಪ ಬಿಲ್ಲೆಗಳಾಗಿ ಹೆಚ್ಚಿ ತಳದಲ್ಲಿ ಹಾಸಿ, ಅದರ ಮೇಲೆ ಮಾಂಸವಿಟ್ಟು, ಬದಿಯಿಂದ ಅರ್ಧ ಕಪ್ ನೀರನ್ನೋ ಸೇಬಿನ ರಸವನ್ನೋ ಹಾಕುತ್ತೇನೆ. ಮಾಂಸ ತನ್ನ ರಸ ಬಿಡುವವರೆಗೆ ತಳ ಸೀಯದಿರಲಿ ಎಂಬುದಷ್ಟೇ ಇದರ ಉದ್ದೇಶ. ಬೆಂದ ಮೇಲೆ ಮಾಂಸವನ್ನು ಅಗಲವಾದ ತಟ್ಟೆಗೆ ತೆಗೆದು, ಪಾತ್ರೆಯಲ್ಲಿರುವ ರಸವನ್ನು ಸೋಸಿ, ಮೇಲೆ ತೇಲುವ ಕೊಬ್ಬನ್ನು ಸೌಟಿನಿಂದ ತೆಗೆದು, ಉಳಿದದ್ದನ್ನು ಒಲೆಯ ಮೇಲೆ ದೊಡ್ಡ ಉರಿಯಲ್ಲಿ ಮೂರನೆಯ ಒಂದು ಭಾಗಕ್ಕೆ ಇಳಿಯುವವರೆಗೆ ಕುದಿಸುತ್ತೇನೆ. ಈ ಕೆಲಸವನ್ನು ಬಹುಪಾಲು ಜನ ಬಿಟ್ಟುಬಿಡುತ್ತಾರೆ, ರಸವನ್ನು ಚೆಲ್ಲಿಯೂ ಬಿಡುತ್ತಾರೆ. ಮಾಂಸದಿಂದ ಇಳಿದ ಉಪ್ಪು, ಮಸಾಲೆ, ಜೆಲಾಟಿನ್ ಎಲ್ಲವೂ ಅದರಲ್ಲಿಯೇ ಇರುವಾಗ ಅದನ್ನು ಚೆಲ್ಲುವುದು ಅಡುಗೆಯ ಸಾರವನ್ನೇ ಚೆಲ್ಲಿದಂತೆ. ಹೀಗೆ ಇಳಿಸಿದ ರಸವನ್ನು ಬಿಡಿಸಿದ ಎಳೆಗಳ ಮೇಲೆ ಸ್ವಲ್ಪ ಸ್ವಲ್ಪವಾಗಿ ಹಾಕಿ ಕಲಸಿದರೆ ಅದು ಎಳೆಗಳಿಗೆ ಅಂಟಿ ಹೊಳೆಯುತ್ತದೆ. ಸಾಸ್ ಸೇರಿಸುವುದು ಆಮೇಲೆ, ರುಚಿ ನೋಡಿಕೊಂಡು. ಮಸಾಲೆಯಲ್ಲಿ ಉಪ್ಪು ಹೆಚ್ಚಿದ್ದರೆ ಕುದಿದು ಇಳಿದ ರಸವೂ ಉಪ್ಪಾಗುವುದರಿಂದ ಒಮ್ಮೆಗೇ ಸುರಿಯಬಾರದು.

ಪ್ರಶ್ನೆ: ಉಪ್ಪು ಮತ್ತು ಮಸಾಲೆಯ ಅಳತೆ ಎಷ್ಟು? ಯಾವಾಗ ಹಚ್ಚಬೇಕು?

ಉತ್ತರ: ಒಂದು ಕಿಲೋ ಮಾಂಸಕ್ಕೆ 12ರಿಂದ 15 ಗ್ರಾಂ ಪುಡಿ ಉಪ್ಪು ಸಾಕು, ಚಮಚದ ಅಳತೆ ಉಪ್ಪಿನ ಹರಳನ್ನು ಅವಲಂಬಿಸಿ ಬದಲಾಗುವುದರಿಂದ ತೂಗಿ ಹಾಕುವುದೇ ಮೇಲು. 2 ಕಿಲೋಗೆ 2 ಚಮಚ ಕಂದು ಸಕ್ಕರೆ, 2 ಚಮಚ ಪ್ಯಾಪ್ರಿಕಾ, ಒಂದೊಂದು ಚಮಚ ಕಾಳುಮೆಣಸಿನ ಪುಡಿ, ಬೆಳ್ಳುಳ್ಳಿ ಪುಡಿ, ಸಾಸಿವೆ ಪುಡಿ, ಅರ್ಧ ಚಮಚ ಜೀರಿಗೆ ಪುಡಿ, ಖಾರಕ್ಕೆ ತಕ್ಕಷ್ಟು ಒಣಮೆಣಸಿನ ಪುಡಿ ಸೇರಿಸಬಹುದು. ಉಪ್ಪನ್ನು ಹಿಂದಿನ ರಾತ್ರಿಯೇ ಹಚ್ಚಿ ಫ್ರಿಜ್‌ನಲ್ಲಿಡುವುದು ಒಳ್ಳೆಯದು, ಏಕೆಂದರೆ ಉಪ್ಪು ಒಳಗಿಳಿಯಲು ಗಂಟೆಗಳು ಬೇಕು. ಮಿಕ್ಕ ಮಸಾಲೆಗಳು ಎಷ್ಟು ಹೊತ್ತಿಟ್ಟರೂ ಮೇಲ್ಮೈಯಲ್ಲಿಯೇ ಉಳಿಯುವುದರಿಂದ ಅವನ್ನು ಬೇಯಿಸುವ ಮುಂಚೆ ಹಚ್ಚಿದರೂ ನಷ್ಟವಿಲ್ಲ.

ಪ್ರಶ್ನೆ: ಕುಕ್ಕರಿಗೆ ಹಾಕುವ ಮೊದಲು ಮಾಂಸವನ್ನು ಬಾಣಲೆಯಲ್ಲಿ ಕೆಂಪಗೆ ಹುರಿದರೆ ಒಳಗಿನ ರಸ ಹೊರಬರುವುದಿಲ್ಲವೆಂದು ಹೇಳುತ್ತಾರೆ. ಬೆಳಗ್ಗೆ ಕೆಲಸಕ್ಕೆ ಹೊರಡುವ ಆತುರದಲ್ಲಿ ಅದಕ್ಕೆ ಸಮಯವಿರುವುದಿಲ್ಲ. ಬಿಟ್ಟರೆ ನಡೆಯುವುದೇ?

ಉತ್ತರ: ಹುರಿದರೆ ರಸ ಒಳಗೇ ಉಳಿಯುತ್ತದೆಂಬುದು ನಿಜವಲ್ಲ, ಹುರಿದ ತುಂಡೂ ಹುರಿಯದ ತುಂಡಿನಷ್ಟೇ ರಸ ಬಿಡುತ್ತದೆ. ಹುರಿಯುವುದು ರುಚಿಗಾಗಿ. ಮಾಂಸದ ಪ್ರೋಟೀನು ಮತ್ತು ಸಕ್ಕರೆಯ ಅಂಶಗಳು ಸುಮಾರು 140 ಡಿಗ್ರಿಯ ಮೇಲೆ ಒಂದರೊಡನೊಂದು ಬೆರೆತು ಕಂದು ಬಣ್ಣವನ್ನೂ ನೂರಾರು ಬಗೆಯ ಪರಿಮಳಗಳನ್ನೂ ಹುಟ್ಟಿಸುತ್ತವೆ. 1912ರಲ್ಲಿ ಇದನ್ನು ವಿವರಿಸಿದ ಫ್ರೆಂಚ್ ವಿಜ್ಞಾನಿ ಲೂಯಿ ಕಮೀಲ್ ಮಯ್ಯಾರನ ಹೆಸರಿನಲ್ಲೇ ಆ ಕ್ರಿಯೆಯನ್ನು ಗುರುತಿಸುತ್ತಾರೆ. ಸ್ಲೋ ಕುಕ್ಕರಿನೊಳಗೆ ಎಲ್ಲವೂ ತೇವವಾಗಿರುವುದರಿಂದ ಮಾಂಸದ ಮೈ 100 ಡಿಗ್ರಿ ದಾಟುವುದೇ ಇಲ್ಲ, ಹಾಗಾಗಿ ಅಲ್ಲಿ ಎಷ್ಟು ಗಂಟೆ ಬಿಟ್ಟರೂ ಹುರಿದ ರುಚಿ ಬಾರದು. ಅದನ್ನು ಹೊರಗಡೆಯೇ ಸಂಪಾದಿಸಿಕೊಳ್ಳಬೇಕು.

ಆದರೆ ಅದನ್ನು ಬೆಳಗ್ಗೆಯೇ ಸಂಪಾದಿಸಬೇಕೆಂಬ ನಿಯಮವಿಲ್ಲ. ಸಂಜೆ ಬಿಡಿಸಿದ ಎಳೆಗಳನ್ನು ಒಂದು ತಟ್ಟೆಯಲ್ಲಿ ತೆಳುವಾಗಿ ಹರಡಿ, ಇಳಿಸಿದ ರಸವನ್ನು ಸ್ವಲ್ಪ ಚಿಮುಕಿಸಿ, 220 ಡಿಗ್ರಿಯ ಓವನ್ನಿನಲ್ಲಿ 8ರಿಂದ 10 ನಿಮಿಷ ಇಟ್ಟರೆ ಮೇಲಿನ ಎಳೆಗಳ ತುದಿಗಳು ಕಂದಾಗಿ ಗರಿಗರಿಯಾಗುತ್ತವೆ, ಕೆಳಗಿನವು ಮೆತ್ತಗೇ ಉಳಿಯುತ್ತವೆ. ಓವನ್ ಇಲ್ಲದಿದ್ದರೆ ದಪ್ಪ ತಳದ ಬಾಣಲೆಯನ್ನು ಚೆನ್ನಾಗಿ ಕಾಯಿಸಿ, ಎಳೆಗಳನ್ನು ಹರಡಿ, ಕೈಯಾಡಿಸದೆ ಎರಡು ಮೂರು ನಿಮಿಷ ಬಿಡಬಹುದು. ಎರಡರಲ್ಲಿ ಒಂದಕ್ಕೆ ಮಾತ್ರ ಸಮಯವಿದ್ದರೆ ನಾನು ಕೊನೆಯಲ್ಲಿ ಗರಿಗರಿ ಮಾಡುವುದನ್ನೇ ಆರಿಸಿಕೊಳ್ಳುತ್ತೇನೆ; ಮೊದಲು ಹುರಿದದ್ದರ ರುಚಿ ರಸಕ್ಕೆ ಇಳಿಯುತ್ತದೆ, ಕೊನೆಯಲ್ಲಿ ಮಾಡಿದ್ದು ಬಾಯಿಗೇ ಸಿಗುತ್ತದೆ. ಮೊದಲೇ ಹುರಿಯುವವರು ಸಕ್ಕರೆ ಇರುವ ಮಸಾಲೆಯನ್ನು ಹಚ್ಚಿ ಹುರಿಯಬಾರದು, ಸಕ್ಕರೆ ಸೀದು ಕಹಿಯಾಗುತ್ತದೆ. ಉಪ್ಪು ಹಚ್ಚಿದ ಮಾಂಸವನ್ನು ಒರೆಸಿ ಹುರಿದು, ಆಮೇಲೆ ಮಸಾಲೆ ಸವರಬೇಕು.

ಪ್ರಶ್ನೆ: ‘ಲೋ’ ಮತ್ತು ‘ಹೈ’ ಇವೆರಡರಲ್ಲಿ ಯಾವುದು ಒಳ್ಳೆಯದು?

ಉತ್ತರ: ಹೆಚ್ಚಿನ ಸ್ಲೋ ಕುಕ್ಕರುಗಳಲ್ಲಿ ಎರಡೂ ಕೊನೆಗೆ ಮುಟ್ಟುವ ಶಾಖ ಹೆಚ್ಚುಕಡಿಮೆ ಒಂದೇ, ಕುದಿಯುವ ಬಿಂದುವಿಗೆ ಸ್ವಲ್ಪ ಕೆಳಗೆ, ‘ಹೈ’ ಅಲ್ಲಿಗೆ ಬೇಗ ತಲುಪುತ್ತದೆ, ‘ಲೋ’ ತಡವಾಗಿ. ‘ಹೈ’ನಲ್ಲಿ ಇದೇ ಮಾಂಸ 5ರಿಂದ 7 ಗಂಟೆಯಲ್ಲಿ ಹದಕ್ಕೆ ಬರುತ್ತದೆ. ‘ಲೋ’ನಲ್ಲಿ ಕೊಲಾಜೆನ್ ಕರಗಲು ಬಿಡುವು ಹೆಚ್ಚು ಮತ್ತು ಹದ ಮೀರುವ ಗಳಿಗೆ ನಿಧಾನವಾಗಿ ಬರುವುದರಿಂದ ನಾನು ಅದನ್ನೇ ಬಳಸುತ್ತೇನೆ. ಯಾವುದನ್ನೇ ಆರಿಸಿದರೂ ಮುಚ್ಚಳ ತೆಗೆದು ತೆಗೆದು ನೋಡಬೇಡಿ. ಪ್ರತಿಸಲ ತೆರೆದಾಗಲೂ ಕಳೆದ ಶಾಖ ಮತ್ತೆ ಕೂಡಲು 15ರಿಂದ 20 ನಿಮಿಷ ಹಿಡಿಯುತ್ತದೆ.

ಪ್ರಶ್ನೆ: ಹಿಂದಿನ ರಾತ್ರಿಯೇ ಎಲ್ಲವನ್ನೂ ಕುಕ್ಕರಿನ ಪಾತ್ರೆಯಲ್ಲಿ ಜೋಡಿಸಿ ಫ್ರಿಜ್‌ನಲ್ಲಿಟ್ಟು, ಬೆಳಗ್ಗೆ ಹಚ್ಚಬಹುದೇ? ಫ್ರೀಜರಿನ ಗಟ್ಟಿ ಮಾಂಸವನ್ನೇ ನೇರವಾಗಿ ಹಾಕಬಹುದೇ? ಮತ್ತೊಂದು ಆತಂಕ: ನಾನು ಹೊರಗಿದ್ದಾಗ ವಿದ್ಯುತ್ ಹೋಗಿ ಬಂದಿತ್ತೆಂದು ಆಮೇಲೆ ತಿಳಿಯಿತು. ಮಾಂಸ ನೋಡಲು ಬೆಂದಂತೆಯೇ ಇತ್ತು, ತಿಂದೆವು. ಅದು ಸರಿಯೇ?

ಉತ್ತರ: ಮೂರಕ್ಕೂ ಕಾರಣ ಒಂದೇ ಆದ್ದರಿಂದ ಒಟ್ಟಿಗೆ ಹೇಳುತ್ತೇನೆ. ರೋಗ ತರುವ ಬ್ಯಾಕ್ಟೀರಿಯಾಗಳು ಬೇಗ ಬೇಗ ಬೆಳೆಯುವುದು 4 ಡಿಗ್ರಿಯಿಂದ 60 ಡಿಗ್ರಿಯ ನಡುವೆ. ಸ್ಲೋ ಕುಕ್ಕರ್ ಹೆಸರೇ ಹೇಳುವಂತೆ ನಿಧಾನವಾಗಿ ಬಿಸಿಯಾಗುವ ಸಾಧನ; ಅದು ಸುರಕ್ಷಿತವಾಗಿರುವುದು ಆ ಅಪಾಯದ ವಲಯವನ್ನು ಕೆಲವೇ ಗಂಟೆಗಳಲ್ಲಿ ದಾಟುವ ಕಾರಣದಿಂದ. ಫ್ರೀಜರಿನ ಗಡ್ಡೆಯನ್ನು ಹಾಕಿದರೆ ಆ ದಾಟುವ ಸಮಯ ಮಿತಿಮೀರಿ ಉದ್ದವಾಗುತ್ತದೆ. ಆದ್ದರಿಂದ ಮಾಂಸವನ್ನು ಫ್ರಿಜ್‌ನಲ್ಲಿಟ್ಟು ಪೂರ್ತಿ ಕರಗಿಸಿಯೇ ಹಾಕಬೇಕು. 2 ಕಿಲೋದ ತುಂಡಿಗೆ ಇದಕ್ಕೆ ಒಂದರಿಂದ ಎರಡು ದಿನ ಹಿಡಿಯುತ್ತದೆ.

ಪಿಂಗಾಣಿ ಪಾತ್ರೆಯನ್ನು ಮಾಂಸದ ಸಮೇತ ಫ್ರಿಜ್‌ನಲ್ಲಿಡುವುದೂ ಬೇಡ. ದಪ್ಪನೆಯ ಆ ಪಾತ್ರೆ ತಣ್ಣಗಾದರೆ ಬೆಳಗ್ಗೆ ಅದೇ ಮೊದಲು ಬಿಸಿಯಾಗಬೇಕು, ಅಷ್ಟು ಹೊತ್ತು ಮಾಂಸ ಕಾಯಬೇಕು. ತಣ್ಣನೆಯ ಪಿಂಗಾಣಿ ಒಮ್ಮೆಗೇ ಬಿಸಿ ತಾಗಿ ಬಿರುಕು ಬಿಡುವ ಸಂಭವವೂ ಇದೆ. ಮಾಂಸವನ್ನೂ ಹೆಚ್ಚಿದ ಈರುಳ್ಳಿಯನ್ನೂ ಬೇರೆ ಬೇರೆ ಡಬ್ಬಿಗಳಲ್ಲಿ ಫ್ರಿಜ್‌ನಲ್ಲಿಟ್ಟು ಬೆಳಗ್ಗೆ ಜೋಡಿಸಿದರೆ ಐದು ನಿಮಿಷದ ಕೆಲಸ. ಪಾತ್ರೆ ಅರ್ಧಕ್ಕಿಂತ ಕಡಿಮೆಯೂ ಮೂರನೆಯ ಎರಡು ಭಾಗಕ್ಕಿಂತ ಹೆಚ್ಚೂ ತುಂಬಿರಬಾರದು. ‘ವಾರ್ಮ್’ ಎಂಬ ಗುಂಡಿ ಬೆಂದದ್ದನ್ನು ಬಿಸಿಯಾಗಿಡುವುದಕ್ಕೆ ಮಾತ್ರ. ಅದರಲ್ಲಿ ಹಸಿ ಮಾಂಸ ಬೇಯಿಸಬಾರದು.

ವಿದ್ಯುತ್ತಿನ ವಿಷಯದಲ್ಲಿ ಮಾತ್ರ ಕಠಿಣವಾಗಿ ಹೇಳಬೇಕಾಗಿದೆ. ನೀವು ಮನೆಯಲ್ಲಿದ್ದು ವಿದ್ಯುತ್ ಹೋದರೆ ಮಾಂಸವನ್ನು ಕೂಡಲೇ ಗ್ಯಾಸ್ ಒಲೆಗೆ ಬದಲಾಯಿಸಿ ಬೇಯಿಸಿ ಮುಗಿಸಬಹುದು. ಅಷ್ಟರಲ್ಲಿ ಪೂರ್ತಿ ಬೆಂದಿದ್ದರೆ ಕುಕ್ಕರಿನೊಳಗೆ ಎರಡು ಗಂಟೆಯವರೆಗೆ ಇದ್ದರೂ ಚಿಂತೆಯಿಲ್ಲ. ಆದರೆ ನೀವಿಲ್ಲದಾಗ ವಿದ್ಯುತ್ ಎಷ್ಟು ಹೊತ್ತು ಇರಲಿಲ್ಲವೆಂದು ತಿಳಿಯದಿದ್ದರೆ, ನೋಡಲು ಎಷ್ಟೇ ಚೆನ್ನಾಗಿ ಬೆಂದಂತಿದ್ದರೂ, ಅದನ್ನು ಎಸೆಯುವುದೇ ಸರಿ. ಕೆಲವು ಬ್ಯಾಕ್ಟೀರಿಯಾಗಳು ಉಳಿಸಿಹೋಗುವ ವಿಷ ಮತ್ತೆ ಕುದಿಸಿದರೂ ನಾಶವಾಗದು. ದಿನವಿಡೀ ಬೇಯಿಸಿದ್ದನ್ನು ಎಸೆಯಲು ಮನಸ್ಸು ಬಾರದೆಂಬುದನ್ನು ಬಲ್ಲೆ, ಆದರೂ ಇದೊಂದರಲ್ಲಿ ರಿಯಾಯಿತಿ ಕೊಡಲಾರೆ.

ನಿಮ್ಮ ಕುಕ್ಕರ್ ಹಳೆಯದಾಗಿದ್ದು ಶಾಖದ ಬಗ್ಗೆ ಅನುಮಾನವಿದ್ದರೆ ಪರೀಕ್ಷಿಸುವ ಉಪಾಯವಿದೆ. ಅರ್ಧಕ್ಕಿಂತ ತುಸು ಮೇಲಕ್ಕೆ ನೀರು ತುಂಬಿ, ಮುಚ್ಚಳ ಹಾಕಿ, ‘ಲೋ’ನಲ್ಲಿ 8 ಗಂಟೆ ಬಿಟ್ಟು, ತೆರೆದೊಡನೆ ನೀರಿನ ಶಾಖ ನೋಡಿ. ಅದು 85ರಿಂದ 93 ಡಿಗ್ರಿಯ ನಡುವಿದ್ದರೆ ಸಾಧನ ಸರಿಯಾಗಿದೆ. 85ಕ್ಕಿಂತ ಕಡಿಮೆಯಿದ್ದರೆ ಅದರಲ್ಲಿ ಮಾಂಸ ಬೇಯಿಸುವುದನ್ನು ನಿಲ್ಲಿಸಿ.

ಪ್ರಶ್ನೆ: ಪುಲ್ಡ್ ಪೋರ್ಕ್ ಎಂದರೆ ಕಟ್ಟಿಗೆಯ ಹೊಗೆಯಲ್ಲೇ ಆಗಬೇಕು, ಸ್ಲೋ ಕುಕ್ಕರಿನದ್ದು ಪುಲ್ಡ್ ಪೋರ್ಕೇ ಅಲ್ಲ ಎಂದು ಸ್ನೇಹಿತರೊಬ್ಬರು ವಾದಿಸುತ್ತಾರೆ. ಅವರಿಗೆ ಏನು ಹೇಳಲಿ?

ಉತ್ತರ: ನಿಮ್ಮ ಸ್ನೇಹಿತರ ಮಾತಿನ ಹಿಂದೆ ದೊಡ್ಡ ಪರಂಪರೆಯಿದೆ, ಅದನ್ನು ಗೌರವಿಸಿಯೇ ಉತ್ತರಿಸಬೇಕು. ಅಮೆರಿಕದ ದಕ್ಷಿಣ ರಾಜ್ಯಗಳ ಬಾರ್ಬೆಕ್ಯೂನಲ್ಲಿ, ಅದರಲ್ಲೂ ಉತ್ತರ ಮತ್ತು ದಕ್ಷಿಣ ಕ್ಯಾರೊಲಿನಾಗಳಲ್ಲಿ, ಹಿಕರಿ ಅಥವಾ ಓಕ್ ಮರದ ಕೆಂಡದ ಮೇಲೆ ಇಡೀ ಹಂದಿಯನ್ನೋ ಭುಜವನ್ನೋ ಹತ್ತು ಹನ್ನೆರಡು ಗಂಟೆ ಬೇಯಿಸುವವರು ಇಂದಿಗೂ ಇದ್ದಾರೆ. ಹೊಗೆಯ ಆ ಪರಿಮಳ, ಹೊರಮೈಯಲ್ಲಿ ಕಟ್ಟುವ ಕಪ್ಪು ಕಂದು ಬಣ್ಣದ ಗಟ್ಟಿ ಪದರ, ಅದರ ಕೆಳಗಿನ ನಸುಗೆಂಪು ಅಂಚು, ಇವು ಮೂರೂ ಸ್ಲೋ ಕುಕ್ಕರಿನಲ್ಲಿ ಸಿಗುವುದಿಲ್ಲ. ಸಿಗುತ್ತವೆಂದು ಹೇಳಿದರೆ ಸುಳ್ಳಾಗುತ್ತದೆ. ಹೊಗೆಯಾಡಿಸಿದ ಪ್ಯಾಪ್ರಿಕಾ, ಹೊಗೆಯಲ್ಲಿ ಒಣಗಿಸಿದ ಚಿಪೋಟ್ಲೆ ಮೆಣಸಿನಕಾಯಿ, ಇಲ್ಲವೇ ಬಾಟಲಿಯಲ್ಲಿ ಬರುವ ದ್ರವ ಹೊಗೆಯ ಕೆಲವೇ ಹನಿಗಳು ಹೊಗೆಯ ನೆನಪನ್ನಷ್ಟೇ ತರಬಲ್ಲವು. ದ್ರವ ಹೊಗೆಯನ್ನು ಅರ್ಧ ಚಮಚಕ್ಕಿಂತ ಹೆಚ್ಚು ಹಾಕಿದರೆ ಔಷಧಿಯ ವಾಸನೆ ಬರುತ್ತದೆ, ಎಚ್ಚರವಿರಲಿ.

ಆದರೆ ಎಳೆ ಬಿಡುವ ವಿಷಯದಲ್ಲಿ ಹೊಗೆಗೂ ಕುಕ್ಕರಿಗೂ ಭೇದವಿಲ್ಲ, ಅಲ್ಲಿಯೂ ಇಲ್ಲಿಯೂ ನಡೆಯುವುದು ಕೊಲಾಜೆನ್ ಕರಗುವ ಒಂದೇ ಕೆಲಸ. ಒಂದು ಸಂಗತಿಯಲ್ಲಂತೂ ಕುಕ್ಕರೇ ಸರಳ. ಹೊಗೆಯ ಒಲೆಯಲ್ಲಿ ಮಾಂಸದ ನಡುಭಾಗ 65ರಿಂದ 75 ಡಿಗ್ರಿಯ ನಡುವೆ ಎಲ್ಲೋ ಒಂದು ಕಡೆ ಬಂದು ಗಂಟೆಗಟ್ಟಲೆ ಅಲ್ಲಿಯೇ ನಿಂತುಬಿಡುತ್ತದೆ. ಮೈಯಿಂದ ನೀರು ಆವಿಯಾಗುತ್ತಾ, ಬೆವರಿದ ದೇಹ ತಂಪಾಗುವಂತೆ ಮಾಂಸವೂ ತಂಪಾಗುವುದೇ ಅದಕ್ಕೆ ಕಾರಣ. ಮುಚ್ಚಳ ಹಾಕಿದ ಕುಕ್ಕರಿನೊಳಗೆ ಗಾಳಿ ಆಗಲೇ ಆವಿಯಿಂದ ತುಂಬಿರುವುದರಿಂದ ಆ ತಡೆ ಬರುವುದಿಲ್ಲ, ಶಾಖ ಸಮವಾಗಿ ಏರುತ್ತದೆ.

ಸ್ಲೋ ಕುಕ್ಕರಿಗೂ ತನ್ನದೇ ಪರಂಪರೆಯಿದೆ ಎಂಬುದನ್ನೂ ಅವರಿಗೆ ಹೇಳಿ. ಅಮೆರಿಕದ ಇರ್ವಿಂಗ್ ನ್ಯಾಕ್ಸನ್ ಎಂಬ ಸಂಶೋಧಕರಿಗೆ ಇದರ ಪೇಟೆಂಟ್ ದೊರೆತದ್ದು 1940ರಲ್ಲಿ. ಯೆಹೂದಿಗಳು ಸಬ್ಬತ್ ದಿನ ಒಲೆ ಹಚ್ಚುವಂತಿಲ್ಲವಾದ್ದರಿಂದ ಚೋಲೆಂಟ್ ಎಂಬ ಹುರುಳಿಕಾಯಿ ಬೀಜ ಮತ್ತು ಮಾಂಸದ ಅಡುಗೆಯನ್ನು ಹಿಂದಿನ ಸಂಜೆಯೇ ಬ್ರೆಡ್ ಸುಡುವವರ ಒಲೆಯಲ್ಲಿಟ್ಟು, ಆರುತ್ತಿರುವ ಶಾಖದಲ್ಲಿ ರಾತ್ರಿಯಿಡೀ ಬೇಯಲು ಬಿಡುತ್ತಿದ್ದುದನ್ನು ನ್ಯಾಕ್ಸನ್ ಅವರ ತಾಯಿ ವರ್ಣಿಸಿದ್ದರು. ಆ ಮಾತೇ ಅವರಿಗೆ ಪ್ರೇರಣೆ. 1971ರಲ್ಲಿ ರೈವಲ್ ಕಂಪನಿ ಅದನ್ನು ‘ಕ್ರಾಕ್ ಪಾಟ್’ ಎಂಬ ಹೆಸರಿನಲ್ಲಿ ಮಾರುಕಟ್ಟೆಗೆ ತಂದ ಮೇಲೆ ಮನೆಮನೆಗೆ ತಲುಪಿತು.

ಪ್ರಶ್ನೆ: ಯಾವ ಸಾಸ್ ಸರಿಹೊಂದುತ್ತದೆ? ಅಂಗಡಿಯ ಸಾಸ್ ತೀರಾ ಸಿಹಿ.

ಉತ್ತರ: ನೀವು ಹೇಳುವ ಸಿಹಿ ಸಾಸ್ ಟೊಮೆಟೊ ಮತ್ತು ಕಾಕಂಬಿಯಿಂದ ದಪ್ಪಗೆ ಮಾಡುವ ಕಾನ್ಸಸ್ ಸಿಟಿಯ ಬಗೆಯದು. ಉತ್ತರ ಕ್ಯಾರೊಲಿನಾದ ಪೂರ್ವ ಭಾಗದಲ್ಲಿ ಟೊಮೆಟೊ ಇಲ್ಲದೆ ಬರೀ ವಿನೆಗರ್, ಮೆಣಸಿನಕಾಯಿ, ಉಪ್ಪಿನಿಂದ ನೀರಿನಷ್ಟು ತೆಳ್ಳಗೆ ಮಾಡುತ್ತಾರೆ. ಅದೇ ರಾಜ್ಯದ ಪಶ್ಚಿಮಕ್ಕೆ, ಲೆಕ್ಸಿಂಗ್ಟನ್ ಕಡೆ, ಅದಕ್ಕೆ ಸ್ವಲ್ಪ ಕೆಚಪ್ ಸೇರುತ್ತದೆ. ದಕ್ಷಿಣ ಕ್ಯಾರೊಲಿನಾದಲ್ಲಿ ಸಾಸಿವೆಯ ಹಳದಿ ಸಾಸ್ ಪ್ರಸಿದ್ಧ. ಕೊಬ್ಬಿನ ಮಾಂಸಕ್ಕೆ ಹುಳಿಯೇ ಜೋಡಿಯಾದ್ದರಿಂದ ನನ್ನ ಮೆಚ್ಚುಗೆ ಪೂರ್ವದ ವಿನೆಗರ್ ಸಾಸ್‌ಗೆ. ಒಂದು ಕಪ್ ಸೇಬಿನ ವಿನೆಗರಿಗೆ ಒಂದು ದೊಡ್ಡ ಚಮಚ ಕಂದು ಸಕ್ಕರೆ, ಒಂದು ಚಮಚ ಉಪ್ಪು, ಒಂದೂವರೆ ಚಮಚ ತರಿ ತರಿಯಾದ ಒಣಮೆಣಸು, ಅರ್ಧ ಚಮಚ ಕಾಳುಮೆಣಸಿನ ಪುಡಿ ಹಾಕಿ ಕದಡಿ ಒಂದು ದಿನ ಬಿಟ್ಟರೆ ಆಯಿತು, ಕುದಿಸುವುದೂ ಬೇಡ. ಬಿಡಿಸಿದ ಮಾಂಸಕ್ಕೆ ಇಳಿಸಿದ ರಸ ಕಲಸಿದ ಮೇಲೆ ಇದನ್ನು ಎರಡು ಮೂರು ದೊಡ್ಡ ಚಮಚದಷ್ಟು ಹಾಕಿ, ಮಿಕ್ಕದ್ದನ್ನು ಬಟ್ಟಲಲ್ಲಿ ಬೇರೆಯಾಗಿ ಇಡಿ. ಬನ್ನಿನೊಳಗಿಟ್ಟು ಮೇಲೆ ಎಲೆಕೋಸಿನ ಕೋಲ್‌ಸ್ಲಾ ಹಾಕಿ ತಿನ್ನುವವರಿಗೆ ಈ ಸಾಸ್ ಇನ್ನೂ ಒಪ್ಪುತ್ತದೆ.

ಪ್ರಶ್ನೆ: 20 ಜನರಿಗೆ ಮಾಡಬೇಕಾಗಿದೆ. ನನ್ನಲ್ಲಿರುವುದು 6 ಲೀಟರಿನ ಒಂದೇ ಕುಕ್ಕರ್. ಮಾಂಸ ಎಷ್ಟು ಬೇಕು? ಮುಂಚಿನ ದಿನವೇ ಮಾಡಿಟ್ಟು ಅದೇ ಕುಕ್ಕರಿನಲ್ಲಿ ಬಿಸಿಮಾಡಬಹುದೇ?

ಉತ್ತರ: ಮೂಳೆಯಿಲ್ಲದ ಹಸಿ ಮಾಂಸ ಬೆಂದು ಬಿಡಿಸುವ ಹೊತ್ತಿಗೆ ತೂಕದ ಶೇಕಡಾ 40ರಷ್ಟನ್ನು ಕಳೆದುಕೊಳ್ಳುತ್ತದೆ. ತಲೆಗೆ 130 ಗ್ರಾಂ ಬೆಂದ ಮಾಂಸವೆಂದು ಹಿಡಿದರೆ 20 ಜನರಿಗೆ ಸುಮಾರು 4.5 ಕಿಲೋ ಹಸಿ ಮಾಂಸ ಬೇಕು. ಮೂಳೆ ಸಹಿತವಾದರೆ ಇನ್ನೂ ಒಂದು ಕಿಲೋ ಹೆಚ್ಚು. ಅಷ್ಟನ್ನು ಒಂದೇ ಸಲಕ್ಕೆ 6 ಲೀಟರಿನ ಪಾತ್ರೆಯಲ್ಲಿ ತುರುಕಬೇಡಿ. ಎರಡು ದಿನ ಎರಡು ಕಂತುಗಳಲ್ಲಿ ಬೇಯಿಸಿ. ಮುಂಚಿತವಾಗಿ ಮಾಡುವುದರಿಂದ ಲಾಭವೂ ಇದೆ: ರಸವನ್ನು ಫ್ರಿಜ್‌ನಲ್ಲಿಟ್ಟರೆ ಕೊಬ್ಬು ಮೇಲೆ ಬೆಳ್ಳನೆಯ ಬಿಲ್ಲೆಯಾಗಿ ಗಟ್ಟಿಕಟ್ಟುತ್ತದೆ, ಅದನ್ನು ಕೈಯಿಂದಲೇ ಎತ್ತಿ ತೆಗೆಯಬಹುದು, ಕೆಳಗಿನ ರಸ ಜೆಲ್ಲಿಯಂತೆ ನಿಂತಿರುತ್ತದೆ.

ಬೆಂದ ಮಾಂಸವನ್ನು 15ರಿಂದ 20 ನಿಮಿಷ ಆರಲು ಬಿಟ್ಟು, ಇನ್ನೂ ಬಿಸಿಯಿರುವಾಗಲೇ ಎರಡು ಫೋರ್ಕುಗಳಿಂದ ಕಿರುಬೆರಳಿನ ಅರ್ಧ ದಪ್ಪದ ಎಳೆಗಳಾಗಿ ಬಿಡಿಸಿ. ತಣ್ಣಗಾದರೆ ಜೆಲಾಟಿನ್ ಗಟ್ಟಿಯಾಗಿ ಎಳೆ ಬಿಡುವುದಿಲ್ಲ, ನೂಲಿನಷ್ಟು ಸಣ್ಣಗೆ ಬಿಡಿಸಿದರೆ ಬೇಗ ಒಣಗುತ್ತದೆ. ಕೊಬ್ಬು ತೆಗೆದು ಇಳಿಸಿದ ರಸವನ್ನು ಸ್ವಲ್ಪ ಬೆರೆಸಿ, ಆಳವಿಲ್ಲದ ಡಬ್ಬಿಗಳಲ್ಲಿ ಹರಡಿ, ಎರಡು ಗಂಟೆಯೊಳಗೆ ಫ್ರಿಜ್‌ಗೆ ಸೇರಿಸಬೇಕು. ಅಲ್ಲಿ 3ರಿಂದ 4 ದಿನ, ಫ್ರೀಜರಿನಲ್ಲಾದರೆ 2ರಿಂದ 3 ತಿಂಗಳು ಚೆನ್ನಾಗಿರುತ್ತದೆ. ತಣ್ಣನೆಯ ಮಾಂಸವನ್ನು ಮತ್ತೆ ಬಿಸಿಮಾಡಲು ಸ್ಲೋ ಕುಕ್ಕರ್ ತಕ್ಕದ್ದಲ್ಲ, ಅದು ಬಿಸಿಯೇರಲು ತೆಗೆದುಕೊಳ್ಳುವ ಸಮಯ ಹೆಚ್ಚು. ಒಲೆಯ ಮೇಲೆ ಅಗಲವಾದ ಪಾತ್ರೆಯಲ್ಲಿ, ಉಳಿದ ರಸ ಸೇರಿಸಿ, ಮುಚ್ಚಿ, 74 ಡಿಗ್ರಿ ಮುಟ್ಟುವವರೆಗೆ ಬಿಸಿಮಾಡಿ. ಅನಂತರ ಕುಕ್ಕರಿಗೆ ಹಾಕಿ ‘ವಾರ್ಮ್’ನಲ್ಲಿಟ್ಟರೆ ಅತಿಥಿಗಳು ತಡವಾಗಿ ಬಂದರೂ ಎರಡು ಮೂರು ಗಂಟೆ ಬಿಸಿಯಾಗಿಯೇ ಇರುತ್ತದೆ. ವಿನೆಗರ್ ಸಾಸ್ ಅನ್ನು ಮಾತ್ರ ಬಡಿಸುವ ಗಳಿಗೆಯಲ್ಲೇ ಸೇರಿಸಿ.